ಅರುಂಧತಿ ನಕ್ಷತ್ರ ನೋಡಿದ್ದೀರಾ?



ಮದುವೆ ಮನೆ. ಧಾರೆ ಮುಗಿದಿದೆ. ಪುರೋಹಿತರು ಮದುಮಕ್ಕಳನ್ನು ಅಂಗಳಕ್ಕೆ ಕರೆಯುತ್ತಾರೆ. ಆಕಾಶದ ಕಡೆ ಕೈ ತೋರಿಸುತ್ತಾರೆ. "ಅರುಂಧತಿ ಕಾಣ್ತದಾ?" ಅಂತ ಕೇಳುತ್ತಾರೆ. "ಕಾಣ್ತದೆ" ಅನ್ನುತ್ತಾಳೆ ಮದುಮಗಳು. ಹಗಲು ಹೊತ್ತಿನಲ್ಲಿ ನಕ್ಷತ್ರ ಎಲ್ಲಿ ಕಾಣಬೇಕು? ಆದರೂ ಹೇಳಿಬಿಡುತ್ತಾಳೆ! ನಮ್ಮ ನಾಡಿನ ಹಲವು ಜನರಲ್ಲಿ ಈ ಶಾಸ್ತ್ರ ಉಂಟು.

ಬನ್ನಿ, ಅರುಂಧತಿಯನ್ನು ನಾವು ನಿಜವಾಗಿ ನೋಡೋಣ.

ಯಾವಾಗ? ಎಲ್ಲಿ?

ವಿರಾಜಪೇಟೆಯಲ್ಲಿ ಮಳೆಗಾಲ ಹಿಡಿದರೆ ಆಕಾಶ ಕಾಣುವುದೇ ಕಷ್ಟ. ಏಪ್ರಿಲ್, ಮೇ ತಿಂಗಳು ಒಳ್ಳೆಯದು. ಮೋಡ ಇಲ್ಲದ ದಿನ ರಾತ್ರಿ 9 ಗಂಟೆಗೆ ಮನೆ ಅಂಗಳದಲ್ಲಿ ನಿಲ್ಲಿ. ತೋಟದ ಒಳಗೆ ಹೋಗಬೇಡಿ. ಆನೆ ಇದ್ದೀತು.

ಸೂರ್ಯ ಹುಟ್ಟುವ ಕಡೆ ಮುಖ ಮಾಡಿ. ನಿಮ್ಮ ಎಡಗೈ ಕಡೆ ಉತ್ತರ. ಈಗ ಉತ್ತರಕ್ಕೆ ತಿರುಗಿ. ಏಳು ನಕ್ಷತ್ರಗಳು ಸೌಟಿನ ಹಾಗೆ ಕಾಣುತ್ತವೆ. ಇದೇ ಸಪ್ತರ್ಷಿ ಮಂಡಲ. ಸೌಟಿನ ಹಿಡಿಯಲ್ಲಿ ಮೂರು ನಕ್ಷತ್ರ. ಅದರಲ್ಲಿ ನಡುವಿನದು ವಸಿಷ್ಠ. ಅದರ ಪಕ್ಕದಲ್ಲೇ ಒಂದು ಸಣ್ಣ ಚುಕ್ಕಿ. ಅದೇ ಅರುಂಧತಿ.

ಅರುಂಧತಿ ಕಾಣದಿದ್ದರೆ ಆಯಸ್ಸು ಮುಗಿಯಿತು ಅಂತ ಕೆಲವರು ಹೇಳುತ್ತಾರೆ. ಹೆದರಬೇಡಿ. ತೆಳು ಮೋಡ ಇರಬಹುದು. ಬೀದಿ ದೀಪದ ಬೆಳಕು ಇರಬಹುದು. ಇಲ್ಲವೇ ನಮ್ಮ ಕಣ್ಣಿನ ದೃಷ್ಟಿ ಕಡಿಮೆ ಆಗಿರಬಹುದು. ಹಾಗಿದ್ದರೆ ಕಣ್ಣಿನ ಡಾಕ್ಟರಿಗೆ ತೋರಿಸಿ.

ಎರಡಲ್ಲ, ಆರು!

ಅರುಂಧತಿ, ವಸಿಷ್ಠ ನಮ್ಮಿಂದ ಬಹಳ ದೂರ. ಅಲ್ಲಿಂದ ಹೊರಟ ಬೆಳಕು ಇಲ್ಲಿಗೆ ಬರಲು 80 ವರ್ಷಕ್ಕಿಂತ ಹೆಚ್ಚು ಬೇಕು. ಇಂದು ನಾವು ನೋಡುವುದು ನಮ್ಮ ಅಜ್ಜಿಯರ ಕಾಲದಲ್ಲಿ ಹೊರಟ ಬೆಳಕು.

1617ರಲ್ಲಿ ಇಟಲಿ ದೇಶದ ಕ್ಯಾಸ್ಟೆಲ್ಲಿ ಎಂಬವರು ದೂರದರ್ಶಕದಲ್ಲಿ ವಸಿಷ್ಠನನ್ನು ನೋಡಿದರು. ಒಂದು ಅಂದುಕೊಂಡದ್ದು ಎರಡಾಗಿತ್ತು. ಆ ಎರಡರಲ್ಲಿ ಒಂದೊಂದೂ ಜೋಡಿಯೇ ಅಂತ ಆಮೇಲೆ ಗೊತ್ತಾಯಿತು. ಅಲ್ಲಿಗೆ ನಾಲ್ಕು. ಅರುಂಧತಿಗೂ ಒಂದು ಮಂಕು ಸಂಗಾತಿ ಉಂಟು. ಅದು ಗೊತ್ತಾದದ್ದು 2009ರಲ್ಲಿ. ಒಟ್ಟು ಆರು ನಕ್ಷತ್ರ!

ಒಂದನ್ನೊಂದು ಸೆಳೆಯುತ್ತಾ ಸುತ್ತುವ ಎರಡು ನಕ್ಷತ್ರಗಳಿಗೆ ಜೋಡಿ ನಕ್ಷತ್ರ ಎನ್ನುತ್ತಾರೆ. ನಮ್ಮ ಸೂರ್ಯ ಒಂಟಿ. ಆಕಾಶದಲ್ಲಿ ಜೋಡಿಗಳು ತುಂಬಾ ಉಂಟು.

ಕಣ್ಣಿಗೆ ಕಾಣದ ಜೋಡಿ ಹೇಗೆ ಗೊತ್ತಾಯಿತು?

ಕೆಲವು ಜೋಡಿಗಳು ದೂರದರ್ಶಕದಲ್ಲೂ ಒಂದೇ ಚುಕ್ಕಿಯಾಗಿ ಕಾಣುತ್ತವೆ. ಅವನ್ನು ಹಿಡಿಯಲು ಎರಡು ಉಪಾಯ ಉಂಟು.

ಮೊದಲನೆಯದು, ಮರೆಯಾಗುವುದು. ಒಂದು ನಕ್ಷತ್ರ ಇನ್ನೊಂದಕ್ಕೆ ಅಡ್ಡ ಬಂದರೆ ಬೆಳಕು ಕಡಿಮೆಯಾಗುತ್ತದೆ. ಗ್ರಹಣ ಹಿಡಿದ ಹಾಗೆ. ಆಲ್ಗಾಲ್ ಎಂಬ ನಕ್ಷತ್ರ ಸುಮಾರು 2 ದಿನ 21 ಗಂಟೆಗೆ ಒಮ್ಮೆ ಮಂಕಾಗುತ್ತದೆ. ಇಂಗ್ಲೆಂಡಿನ ಜಾನ್ ಗುಡ್ರಿಕ್ 1783ರಲ್ಲಿ ಈ ಲೆಕ್ಕ ಹೇಳಿದರು. ಆಗ ಅವರಿಗೆ 18 ವರ್ಷ. ಅವರಿಗೆ ಕಿವಿ ಕೇಳುತ್ತಿರಲಿಲ್ಲ. ರಾತ್ರಿ ರಾತ್ರಿ ಆಕಾಶ ನೋಡಿ, ಬರೆದಿಟ್ಟು, ಇದನ್ನು ಕಂಡುಕೊಂಡರು.

ಎರಡನೆಯದು, ಬೆಳಕನ್ನು ಬಿಡಿಸಿ ನೋಡುವುದು. ಗೋಣಿಕೊಪ್ಪ ರಸ್ತೆಯಲ್ಲಿ ಹಾರನ್ ಹೊಡೆಯುತ್ತಾ ಬಸ್ಸು ಬರುವಾಗ ಸ್ವರ ಕೀಚಲು. ನಮ್ಮನ್ನು ದಾಟಿ ಹೋದ ಕೂಡಲೇ ಸ್ವರ ಇಳಿಯುತ್ತದೆ, ಅಲ್ವಾ? ಬೆಳಕಿಗೂ ಹೀಗೇ. ನಕ್ಷತ್ರ ನಮ್ಮ ಕಡೆ ಬಂದರೆ ಬೆಳಕು ಸ್ವಲ್ಪ ನೀಲಿ ಕಡೆಗೆ ಸರಿಯುತ್ತದೆ. ದೂರ ಹೋದರೆ ಕೆಂಪು ಕಡೆಗೆ. ನಕ್ಷತ್ರದ ಬೆಳಕನ್ನು ಗಾಜಿನ ಪಟ್ಟಕದಲ್ಲಿ ಹಾಯಿಸಿದರೆ ಕಾಮನಬಿಲ್ಲಿನ ಬಣ್ಣ ಬರುತ್ತದೆ. ಅದರಲ್ಲಿ ಸಣ್ಣ ಕಪ್ಪು ಗೆರೆಗಳು ಇರುತ್ತವೆ.

ಅಮೆರಿಕದ ಹಾರ್ವರ್ಡ್ ವೀಕ್ಷಣಾಲಯದಲ್ಲಿ ಹೆಂಗಸರು ಈ ಗೆರೆಗಳ ಫೋಟೋ ಪರೀಕ್ಷೆ ಮಾಡುತ್ತಿದ್ದರು. ಅವರಲ್ಲಿ ಒಬ್ಬರು ಆಂಟೋನಿಯಾ ಮೌರಿ. ವಸಿಷ್ಠನ ಗೆರೆ ಕೆಲವು ದಿನ ಒಂದು, ಕೆಲವು ದಿನ ಎರಡು! ಎರಡು ನಕ್ಷತ್ರ ಇದ್ದರೆ ಮಾತ್ರ ಹೀಗಾಗುತ್ತದೆ. ಒಂದು ಹತ್ತಿರ ಬರುವಾಗ ಇನ್ನೊಂದು ದೂರ ಹೋಗುತ್ತದೆ. ಅಲ್ಲಿನ ಮುಖ್ಯಸ್ಥ ಪಿಕರಿಂಗ್ 1889ರಲ್ಲಿ ಇದನ್ನು ಲೋಕಕ್ಕೆ ತಿಳಿಸಿದರು. ಅದೇ ವರ್ಷ ಮೌರಿ ಇಂಥದೇ ಇನ್ನೊಂದು ಜೋಡಿ ಹುಡುಕಿದರು.

ನಮ್ಮ ರಾಜ್ಯದಲ್ಲಿ

ಬೆಂಗಳೂರಿನ ಕೋರಮಂಗಲದಲ್ಲಿ ಭಾರತೀಯ ಖಭೌತ ಸಂಸ್ಥೆ ಉಂಟು. ಇದರ ಒಂದು ದೊಡ್ಡ ದೂರದರ್ಶಕ ಲಡಾಖಿನ ಹಾನ್ಲೆಯಲ್ಲಿದೆ. ಅಲ್ಲಿ ಕೊರೆಯುವ ಚಳಿ. ವಿಜ್ಞಾನಿಗಳು ಬೆಂಗಳೂರಿನ ಹತ್ತಿರ ಹೊಸಕೋಟೆಯಲ್ಲಿ ಕುಳಿತೇ ಅದನ್ನು ತಿರುಗಿಸುತ್ತಾರೆ. 2015ರಲ್ಲಿ ನಮ್ಮ ದೇಶ ಆಸ್ಟ್ರೋಸ್ಯಾಟ್ ಎಂಬ ಉಪಗ್ರಹ ಹಾರಿಸಿತು. ಅದರ ಸಹಾಯದಿಂದ 2016ರಲ್ಲಿ ಈ ಸಂಸ್ಥೆಯ ಅನ್ನಪೂರ್ಣಿ ಸುಬ್ರಮಣ್ಯಂ ಮತ್ತು ಸಂಗಡಿಗರು ಒಂದು ನಕ್ಷತ್ರದ ಅಡಗಿದ ಬಿಸಿ ಸಂಗಾತಿಯನ್ನು ಪತ್ತೆ ಮಾಡಿದರು. 2019ರಲ್ಲಿ ಅವರು ಸಂಸ್ಥೆಯ ನಿರ್ದೇಶಕಿಯಾದರು.

ಯಾರು ಯಾರ ಸುತ್ತ?

ಜೋಡಿಯಲ್ಲಿ ಸಣ್ಣದು ಮಾತ್ರ ದೊಡ್ಡದರ ಸುತ್ತ ಸುತ್ತುವುದೇ? ಹಾಗಲ್ಲ. ಇಬ್ಬರು ಹುಡುಗಿಯರು ಕೈ ಹಿಡಿದು ಗಿರಗಿರನೆ ತಿರುಗುವುದನ್ನು ನೆನೆಯಿರಿ. ಇಬ್ಬರೂ ತಿರುಗುತ್ತಾರೆ. ನಡುವೆ ಒಂದು ಜಾಗ ಉಂಟು. ಅದರ ಸುತ್ತ ತಿರುಗುತ್ತಾರೆ. ಭಾರದವಳ ಸುತ್ತು ಸಣ್ಣದು. ಹಗುರದವಳ ಸುತ್ತು ದೊಡ್ಡದು. ಈ ಸುತ್ತುಗಳನ್ನು ಅಳೆದೇ ವಿಜ್ಞಾನಿಗಳು ನಕ್ಷತ್ರಗಳ ತೂಕ ಕಂಡುಹಿಡಿಯುತ್ತಾರೆ. ಜೋಡಿಯೇ ಅವರ ತಕ್ಕಡಿ.

ವಸಿಷ್ಠನಲ್ಲಿ ಮೌರಿ ನೋಡಿದ ಎರಡು ನಕ್ಷತ್ರಗಳ ತೂಕ ಹೆಚ್ಚು ಕಡಿಮೆ ಒಂದೇ. ಸುಮಾರು ಇಪ್ಪತ್ತೂವರೆ ದಿನಕ್ಕೆ ಒಂದು ಸುತ್ತು. ಅಲ್ಲಿ ಒಬ್ಬರು ನಿಂತು ಇನ್ನೊಬ್ಬರು ಸುತ್ತುವುದಿಲ್ಲ. ಇಬ್ಬರೂ ಸಮನಾಗಿ ಸುತ್ತುತ್ತಾರೆ.

ಇನ್ನು ಮುಂದೆ ಮದುವೆಯಲ್ಲಿ ಅರುಂಧತಿ ತೋರಿಸಿದಾಗ ಮದುಮಗಳಿಗೂ ಮದುಮಗನಿಗೂ ಈ ಮಾತು ಹೇಳೋಣ.

ಓದಿ, ಉತ್ತರ ಬರೆಯಿರಿ

1. ಅರುಂಧತಿ ಯಾವ ನಕ್ಷತ್ರದ ಪಕ್ಕದಲ್ಲಿದೆ?
2. ಆಲ್ಗಾಲ್ ಯಾಕೆ ಮಂಕಾಗುತ್ತದೆ?
3. ವಸಿಷ್ಠನ ಗೆರೆ ಯಾಕೆ ಎರಡಾಗಿ ಕಂಡಿತು?

ಮಾಡಿ ನೋಡಿ

ಮನೆಯವರೆಲ್ಲ ಸೇರಿ ಅರುಂಧತಿಯನ್ನು ಹುಡುಕಿ. ಯಾರಿಗೆ ಕಂಡಿತು, ಯಾರಿಗೆ ಕಾಣಲಿಲ್ಲ? ಹೆಸರು, ತಾರೀಕು ನೋಟು ಪುಸ್ತಕದಲ್ಲಿ ಬರೆದಿಡಿ.