ಪಾರ್ಕಿನ್ಸನ್ ಕಾಯಿಲೆ: ಚಿಕಿತ್ಸೆಗಳು ಯಾವುವು? ಮನೆಯವರು ತಿಳಿದಿರಬೇಕಾದದ್ದೇನು?

(ರೋಗಿಗಳಿಗೆ ಹಾಗೂ ಅವರ ಜೊತೆಗಿರುವ ಬಂಧುಗಳಿಗೆ ಆರೋಗ್ಯ ಮಾಹಿತಿ)



ಕೈ ನಡುಗುವುದು, ನಡಿಗೆ ನಿಧಾನವಾಗುವುದು, ಮೈ ಬಿಗಿಯುವುದು ವಯಸ್ಸಾದವರಿಗೆ ಸಹಜ ಎಂದು ಅನೇಕರು ಸುಮ್ಮನಿರುತ್ತಾರೆ. ಇನ್ನು ಕೆಲವರು "ಇದಕ್ಕೆ ಔಷಧಿಯೇ ಇಲ್ಲ" ಎಂದು ಕೈಚೆಲ್ಲುತ್ತಾರೆ. ಎರಡೂ ತಪ್ಪು. ಪಾರ್ಕಿನ್ಸನ್ ಕಾಯಿಲೆಯನ್ನು ಪೂರ್ತಿ ಗುಣಪಡಿಸುವ ಔಷಧಿ ಇಂದಿಗೂ ಇಲ್ಲ, ನಿಜ. ಆದರೆ ಅದನ್ನು ಹತೋಟಿಯಲ್ಲಿಟ್ಟು ಹಲವಾರು ವರ್ಷ ತಮ್ಮ ಕೆಲಸ ತಾವೇ ಮಾಡಿಕೊಂಡು ಬಾಳಲು ಬೇಕಾದ ಔಷಧಿಗಳಿವೆ. ಅವು ಸರಿಯಾಗಿ ಕೆಲಸ ಮಾಡಬೇಕಾದರೆ ಎರಡು ಮಾತು ನೆನಪಿರಲಿ: ಮಾತ್ರೆಯನ್ನು ಗಡಿಯಾರ ನೋಡಿ ಕೊಡಬೇಕು, ಮಾತ್ರೆಯನ್ನು ಎಂದೂ ಏಕಾಏಕಿ ನಿಲ್ಲಿಸಬಾರದು.

ಕಾಯಿಲೆ ಎಂದರೇನು?

ನಮ್ಮ ಮೆದುಳಿನ ಆಳದಲ್ಲಿ 'ಡೋಪಮೈನ್' ಎಂಬ ರಾಸಾಯನಿಕವನ್ನು ತಯಾರಿಸುವ ಜೀವಕೋಶಗಳಿವೆ. ಕೈಕಾಲುಗಳ ಚಲನೆ ಸರಾಗವಾಗಿರಲು ಈ ಡೋಪಮೈನ್ ಬೇಕು. ಆ ಜೀವಕೋಶಗಳು ಕ್ರಮೇಣ ನಶಿಸಿದಾಗ ಪಾರ್ಕಿನ್ಸನ್ ಕಾಯಿಲೆ ಕಾಣಿಸಿಕೊಳ್ಳುತ್ತದೆ. 1817ರಲ್ಲಿ ಲಂಡನ್ನಿನ ವೈದ್ಯ ಜೇಮ್ಸ್ ಪಾರ್ಕಿನ್ಸನ್ ಇದನ್ನು ಮೊದಲು ವಿವರವಾಗಿ ಬರೆದಿದ್ದರಿಂದ ಈ ಹೆಸರು ಬಂದಿದೆ. ನಮ್ಮಲ್ಲಿ ಕಂಪವಾತ, ನಡುಕರೋಗ ಎಂದೂ ಕರೆಯುತ್ತಾರೆ.

ಮುಖ್ಯ ಲಕ್ಷಣಗಳು: ಕೈ ಸುಮ್ಮನಿದ್ದಾಗ ನಡುಗುವುದು, ಎಲ್ಲ ಕೆಲಸ ನಿಧಾನವಾಗುವುದು, ಕೈಕಾಲು ಬಿಗಿಯುವುದು, ಮುಂದೆ ಮುಂದೆ ಸಮತೋಲನ ತಪ್ಪುವುದು. ಎಲ್ಲರಿಗೂ ನಡುಕ ಇರಲೇಬೇಕೆಂದಿಲ್ಲ. ಕೆಲವರಿಗೆ ಅಕ್ಷರ ಸಣ್ಣದಾಗುತ್ತದೆ, ಅಂಗಿಯ ಗುಂಡಿ ಹಾಕಲು ಕಷ್ಟವಾಗುತ್ತದೆ, ನಡೆಯುವಾಗ ಒಂದು ಕೈ ಬೀಸುವುದಿಲ್ಲ, ದನಿ ಕುಗ್ಗುತ್ತದೆ. ಮಲಬದ್ಧತೆ, ವಾಸನೆ ತಿಳಿಯದಿರುವುದು, ನಿದ್ದೆಯಲ್ಲಿ ಕೂಗಾಡುವುದು ಇವೆಲ್ಲ ವರ್ಷಗಳ ಮುಂಚೆಯೇ ಶುರುವಾಗಿರಬಹುದು.

ಇದು ಅಂಟುರೋಗವಲ್ಲ. ಯಾರ ಶಾಪವೂ ಅಲ್ಲ. ಹೆಚ್ಚಿನವರಲ್ಲಿ ವಂಶದಿಂದ ಬಂದದ್ದೂ ಅಲ್ಲ.

ಒಂದು ಎಚ್ಚರಿಕೆ: ಬೇರೆ ಕೆಲವು ಮಾತ್ರೆಗಳಿಂದಲೂ ಇದೇ ಲಕ್ಷಣಗಳು ಬರಬಹುದು. ತಲೆಸುತ್ತಿಗೆ ಕೊಡುವ ಸಿನ್ನರಿಜಿನ್, ತಲೆನೋವಿಗೆ ಕೊಡುವ ಫ್ಲುನರಿಜಿನ್, ವಾಂತಿಗೆ ಕೊಡುವ ಮೆಟೊಕ್ಲೋಪ್ರಮೈಡ್, ಮಾನಸಿಕ ಕಾಯಿಲೆಯ ಕೆಲವು ಔಷಧಿಗಳು ಇಂಥವು. ಆದ್ದರಿಂದ ಮೊದಲ ಭೇಟಿಗೆ ಬರುವಾಗ ಮನೆಯಲ್ಲಿ ನುಂಗುತ್ತಿರುವ ಎಲ್ಲ ಮಾತ್ರೆಗಳ ಪಟ್ಟಿಗಳನ್ನು ಚೀಲದಲ್ಲಿ ಹಾಕಿಕೊಂಡು ತಪ್ಪದೆ ತನ್ನಿ.

ಔಷಧಿಗಳು

1. ಲೆವೊಡೋಪಾ: ಇಂದಿಗೂ ಇದೇ ಮುಖ್ಯ ಔಷಧಿ. ಡೋಪಮೈನನ್ನು ನೇರವಾಗಿ ಕೊಟ್ಟರೆ ಅದು ರಕ್ತದಿಂದ ಮೆದುಳಿಗೆ ಸೇರುವುದಿಲ್ಲ. ಲೆವೊಡೋಪಾ ಸೇರುತ್ತದೆ, ಅಲ್ಲಿ ಡೋಪಮೈನ್ ಆಗಿ ಬದಲಾಗುತ್ತದೆ. ದಾರಿಯಲ್ಲೇ ಅದು ಕರಗಿಹೋಗದಂತೆ ಜೊತೆಗೆ ಕಾರ್ಬಿಡೋಪಾ ಸೇರಿಸಿರುತ್ತಾರೆ. 1967ರಲ್ಲಿ ಅಮೆರಿಕದ ಡಾ. ಜಾರ್ಜ್ ಕೋಟ್ಜಿಯಸ್ ಇದನ್ನು ಸ್ವಲ್ಪಸ್ವಲ್ಪವಾಗಿ ಹೆಚ್ಚಿಸಿ ಕೊಡುವ ಕ್ರಮವನ್ನು ತೋರಿಸಿದ ನಂತರ ಈ ಕಾಯಿಲೆಯ ಚಿಕಿತ್ಸೆಯೇ ಬದಲಾಯಿತು.

ಅಂಗಡಿಯಲ್ಲಿ ಕೊಳ್ಳುವಾಗ ಸಂಖ್ಯೆಯನ್ನು ಗಮನಿಸಿ. ಉದಾಹರಣೆಗೆ ಸಿಂಡೋಪಾ 110 ಎಂದರೆ 100 ಮಿಲಿಗ್ರಾಂ ಲೆವೊಡೋಪಾ, 10 ಮಿಲಿಗ್ರಾಂ ಕಾರ್ಬಿಡೋಪಾ. ಸಿಂಡೋಪಾ 275ರಲ್ಲಿ 250 ಮಿಲಿಗ್ರಾಂ ಲೆವೊಡೋಪಾ ಇರುತ್ತದೆ, ಅಂದರೆ ಎರಡೂವರೆ ಪಟ್ಟು. ಹೆಸರು ಒಂದೇ ಎಂದು ಒಂದರ ಬದಲು ಇನ್ನೊಂದನ್ನು ತರಬೇಡಿ. 'ಸಿ.ಆರ್.' ಎಂದು ಬರೆದಿರುವ ಮಾತ್ರೆ ನಿಧಾನವಾಗಿ ಕರಗುವಂಥದ್ದು. ಅದನ್ನು ಪುಡಿ ಮಾಡಬಾರದು, ಅಗಿಯಬಾರದು.

"ಈಗಲೇ ಶುರು ಮಾಡಿದರೆ ಮುಂದೆ ಕೆಲಸ ಮಾಡುವುದಿಲ್ಲವಂತೆ, ಆಮೇಲೆ ಬೇಕಾದೀತು ಎಂದು ಉಳಿಸಿಟ್ಟಿದ್ದೇವೆ" ಎನ್ನುವವರಿದ್ದಾರೆ. ನೆದರ್‌ಲ್ಯಾಂಡ್ಸ್‌ನಲ್ಲಿ 445 ರೋಗಿಗಳ ಮೇಲೆ ನಡೆದು 2019ರಲ್ಲಿ ಪ್ರಕಟವಾದ ಅಧ್ಯಯನದಲ್ಲಿ, ಬೇಗ ಶುರು ಮಾಡಿದವರಿಗೆ ಅದರಿಂದ ಕಾಯಿಲೆಯ ಗತಿ ಹೆಚ್ಚಲೂ ಇಲ್ಲ, ತಗ್ಗಲೂ ಇಲ್ಲ ಎಂದು ಕಂಡುಬಂತು. ಆದ್ದರಿಂದ ದಿನನಿತ್ಯದ ಕೆಲಸಕ್ಕೆ ತೊಂದರೆಯಾಗುತ್ತಿದ್ದರೆ ಔಷಧಿಯನ್ನು ಮುಂದೂಡಿ ಕಷ್ಟಪಡುವ ಅಗತ್ಯವಿಲ್ಲ.

2. ಪ್ರಮಿಪೆಕ್ಸೋಲ್, ರೋಪಿನಿರೋಲ್: ಇವು ಡೋಪಮೈನ್‌ನಂತೆ ವರ್ತಿಸುತ್ತವೆ. ವಯಸ್ಸು ಕಡಿಮೆ ಇರುವವರಿಗೆ ಹೆಚ್ಚಾಗಿ ಕೊಡುತ್ತಾರೆ. ಕೆಲವರಿಗೆ ಕುಳಿತಲ್ಲೇ ನಿದ್ದೆ ಬರುತ್ತದೆ. ಅಂಥವರು ವಾಹನ ಓಡಿಸಬಾರದು. ಇನ್ನು ಕೆಲವರಲ್ಲಿ ಇಸ್ಪೀಟು, ಲಾಟರಿ, ಅತಿಯಾದ ಖರ್ಚು, ಅತಿಯಾದ ಕಾಮಾಸಕ್ತಿ ಹೊಸದಾಗಿ ಶುರುವಾಗಬಹುದು. ಇದು ಸ್ವಭಾವ ಕೆಟ್ಟದ್ದರಿಂದ ಅಲ್ಲ, ಔಷಧಿಯಿಂದ. ನಾಚಿಕೆಪಡದೆ ವೈದ್ಯರಿಗೆ ಹೇಳಿದರೆ ಔಷಧಿ ಬದಲಿಸುತ್ತಾರೆ.

3. ರಸಾಜಿಲಿನ್, ಸೆಲಿಜಿಲಿನ್, ಎಂಟಕಪೋನ್: ಡೋಪಮೈನ್ ಅಥವಾ ಲೆವೊಡೋಪಾ ಬೇಗ ಕರಗದಂತೆ ತಡೆಯುತ್ತವೆ. ಎಂಟಕಪೋನ್ ನುಂಗಿದಾಗ ಮೂತ್ರ ಕಿತ್ತಳೆ ಅಥವಾ ಕಂದು ಬಣ್ಣಕ್ಕೆ ತಿರುಗಬಹುದು, ಗಾಬರಿ ಬೇಡ.

4. ಅಮಾಂಟಡಿನ್, ಟ್ರೈಹೆಕ್ಸಿಫೆನಿಡಿಲ್: ಮೊದಲನೆಯದು ಲೆವೊಡೋಪಾದಿಂದ ಬರುವ ಅನವಶ್ಯಕ ಕುಲುಕಾಟವನ್ನು ತಗ್ಗಿಸುತ್ತದೆ. ಎರಡನೆಯದು ನಡುಕಕ್ಕೆ ಒಳ್ಳೆಯದು. ಆದರೆ ವಯಸ್ಸಾದವರಲ್ಲಿ ಮರೆವು, ಗೊಂದಲ, ಮೂತ್ರ ಕಟ್ಟುವುದು ಉಂಟಾಗುವುದರಿಂದ ಎಚ್ಚರಿಕೆ ಬೇಕು.

ಯಾರಿಗೆ ಯಾವುದು ಎಂಬುದನ್ನು ವಯಸ್ಸು, ಲಕ್ಷಣ, ನೆನಪಿನ ಶಕ್ತಿ ನೋಡಿ ವೈದ್ಯರು ನಿರ್ಧರಿಸುತ್ತಾರೆ. ಪಕ್ಕದ ಮನೆಯವರ ಚೀಟಿ ನಿಮಗೆ ಹೊಂದುವುದಿಲ್ಲ.

ಮಾತ್ರೆ ಮತ್ತು ಗಡಿಯಾರ

ಲೆವೊಡೋಪಾದ ಒಂದು ಮಾತ್ರೆ ಕೆಲವೇ ಗಂಟೆ ಕೆಲಸ ಮಾಡುತ್ತದೆ. ಕಾಯಿಲೆ ಹಳೆಯದಾದಂತೆ ಈ ಅವಧಿ ಇನ್ನೂ ಕಡಿಮೆಯಾಗುತ್ತದೆ. ಎಂಟಕ್ಕೆ ನುಂಗಬೇಕಾದದ್ದನ್ನು ಹತ್ತಕ್ಕೆ ನುಂಗಿದರೆ ಆ ಎರಡು ಗಂಟೆ ರೋಗಿ ಕುರ್ಚಿಯಿಂದ ಏಳಲಾರ. ಅದು ಸೋಮಾರಿತನವಲ್ಲ, ಹಟವೂ ಅಲ್ಲ.

* ಊಟಕ್ಕೆ ಅರ್ಧ ಗಂಟೆಯಿಂದ ಒಂದು ಗಂಟೆ ಮೊದಲು ಒಂದು ಲೋಟ ನೀರಿನೊಂದಿಗೆ ಕೊಡಿ. ಹಾಲಿನ ಜೊತೆ ಬೇಡ.
* ಬೇಳೆ, ಕಾಳು, ಹಾಲು, ಮೊಸರಿನಲ್ಲಿರುವ ಪ್ರೋಟೀನ್ ಈ ಔಷಧಿ ರಕ್ತಕ್ಕೆ, ಮೆದುಳಿಗೆ ಸೇರುವುದಕ್ಕೆ ಅಡ್ಡಿಯಾಗುತ್ತದೆ. ಹಾಗೆಂದು ಇವನ್ನು ಬಿಡಿಸಬೇಡಿ, ರೋಗಿ ಸೊರಗುತ್ತಾರೆ. ಮಾತ್ರೆಗೂ ಊಟಕ್ಕೂ ಅಂತರ ಇಟ್ಟರೆ ಸಾಕು. ಹಗಲಿನ ತೊಂದರೆ ಹೆಚ್ಚಿದ್ದರೆ ಬೇಳೆಕಾಳಿನ ಪಾಲನ್ನು ರಾತ್ರಿ ಊಟಕ್ಕೆ ಇಡಬಹುದು.
* ಶುರುವಿನಲ್ಲಿ ಹೊಟ್ಟೆ ತೊಳಸಿದರೆ ಒಂದೆರಡು ಬಿಸ್ಕತ್ತು ಅಥವಾ ಸ್ವಲ್ಪ ಮಂಡಕ್ಕಿಯೊಂದಿಗೆ ಕೊಡಿ. ಕಬ್ಬಿಣಾಂಶದ ಮಾತ್ರೆ ಇದ್ದರೆ ಬೇರೆ ಹೊತ್ತಿಗೆ ಕೊಡಿ.
* ಶಿವರಾತ್ರಿ, ಶ್ರಾವಣ ಸೋಮವಾರದ ಉಪವಾಸದಲ್ಲೂ ಮಾತ್ರೆ ತಪ್ಪಿಸಬೇಡಿ.
* ಮಾತ್ರೆ ಮುಗಿಯುವ ಒಂದು ವಾರ ಮೊದಲೇ ತಂದಿಡಿ. ಊರಿಗೆ, ಜಾತ್ರೆಗೆ ಹೋಗುವಾಗ ಕೈಚೀಲದಲ್ಲಿರಲಿ.

ಲಿಂಗಪೂಜೆಯ ಹೊತ್ತಿನಲ್ಲಿ ಎಡಗೈ ನಡುಗಿ ಇಷ್ಟಲಿಂಗ ಜಾರೀತೆಂಬ ಭಯದಿಂದ ಪೂಜೆಯನ್ನೇ ಬಿಟ್ಟು ಕೊರಗುವ ಹಿರಿಯರಿದ್ದಾರೆ. ಇಂಥವರು ಬೆಳಗಿನ ಮಾತ್ರೆ ನುಂಗಿ, ಅದು ಕೆಲಸ ಶುರು ಮಾಡಿದ ಮೇಲೆ, ಸಾಮಾನ್ಯವಾಗಿ ಮುಕ್ಕಾಲು ಗಂಟೆಯಿಂದ ಒಂದು ಗಂಟೆಯ ನಂತರ, ಪೂಜೆಗೆ ಕೂಡಲಿ. ಗೋಡೆಗೆ ಬೆನ್ನು ಕೊಟ್ಟು, ಮೊಣಕೈಗೆ ದಿಂಬಿನ ಆಸರೆ ಇಟ್ಟುಕೊಳ್ಳಲಿ. ನೆಲದ ಮೇಲೆ ಕೂಡಲಾಗದಿದ್ದರೆ ಕುರ್ಚಿ ಸಾಕು. ಪೂಜೆಗೆ ಮೊದಲು ಏನನ್ನೂ ಸೇವಿಸಬಾರದೆಂಬ ನಿಯಮದವರು ಔಷಧಿ ಆಹಾರವಲ್ಲ ಎಂಬುದನ್ನು ತಿಳಿಯಬೇಕು.

ಔಷಧಿಯ ಬಲ ತಗ್ಗಿದಾಗ

ಕೆಲವು ವರ್ಷಗಳ ನಂತರ ಮುಂದಿನ ಮಾತ್ರೆಯ ಹೊತ್ತಿಗೆ ಮುಂಚೆಯೇ ಮೈ ಬಿಗಿಯತೊಡಗುತ್ತದೆ. ಔಷಧಿಯ ಬಲ ಏರಿದಾಗ ಮೈ ತಾನಾಗಿ ಕುಲುಕಾಡಬಹುದು. "ಔಷಧಿ ಸೋತಿತು" ಎಂದು ತಿಳಿಯಬೇಡಿ. ಒಂದು ನೋಟ್‌ಪುಸ್ತಕದಲ್ಲಿ ಮೂರು ದಿನ ಹೀಗೆ ಬರೆಯಿರಿ: ಮಾತ್ರೆ ಎಷ್ಟು ಗಂಟೆಗೆ, ಓಡಾಡಲು ಆದದ್ದು ಎಷ್ಟರಿಂದ ಎಷ್ಟರವರೆಗೆ, ಬಿಗಿತ ಯಾವಾಗ, ಕುಲುಕಾಟ ಯಾವಾಗ, ಊಟ ಯಾವಾಗ. ಇದನ್ನು ನೋಡಿ ವೈದ್ಯರು ಮಾತ್ರೆಯ ಹೊತ್ತು ಮತ್ತು ಪ್ರಮಾಣವನ್ನು ಹೊಂದಿಸಬಲ್ಲರು. ಮಾತ್ರೆಗಳಿಂದ ಹೊಂದಿಸಲಾಗದವರಿಗೆ ಚರ್ಮದಡಿ ಕೊಡುವ ಅಪೊಮಾರ್ಫಿನ್ ಚುಚ್ಚುಮದ್ದು ಮತ್ತು ಪಂಪು ದೊಡ್ಡ ನಗರಗಳ ಕೆಲವು ಆಸ್ಪತ್ರೆಗಳಲ್ಲಿ ಸಿಗುತ್ತವೆ.

ವ್ಯಾಯಾಮವೂ ಔಷಧಿಯೇ

ದಿನಕ್ಕೆ ಅರ್ಧ ಗಂಟೆ ಕೈಬೀಸಿ ನಡೆಯುವುದು, ಮೈಚಾಚುವ ವ್ಯಾಯಾಮ, ಗಟ್ಟಿಯಾಗಿ ಓದುವುದು ಇವು ಮಾತ್ರೆಯಷ್ಟೇ ಮುಖ್ಯ. ಹೊಸ್ತಿಲ ಬಳಿ, ಇಕ್ಕಟ್ಟಿನಲ್ಲಿ ಕಾಲು ನೆಲಕ್ಕೆ ಅಂಟಿದಂತಾದರೆ ಹಿಂದಿನಿಂದ ತಳ್ಳಬೇಡಿ, ಕೈ ಎಳೆಯಬೇಡಿ. ರೋಗಿ ನಿಂತು ಉಸಿರೆಳೆದು, ನೆಲದ ಮೇಲೊಂದು ಗೆರೆ ಇದೆ ಎಂದುಕೊಂಡು ಅದನ್ನು ದಾಟುವಂತೆ "ಒಂದು, ಎರಡು" ಎಂದು ಎಣಿಸಿ ಕಾಲೆತ್ತಲಿ. ಊಟ ಮಾಡುವಾಗ ಪದೇ ಪದೇ ಕೆಮ್ಮು ಬಂದರೆ ನುಂಗುವ ತೊಂದರೆ ಶುರುವಾಗಿದೆ ಎಂದರ್ಥ, ವೈದ್ಯರಿಗೆ ತಿಳಿಸಿ.

ಶಸ್ತ್ರಚಿಕಿತ್ಸೆ ಯಾರಿಗೆ?

ಮೆದುಳಿನೊಳಗೆ ಸೂಕ್ಷ್ಮ ತಂತಿ ಇಟ್ಟು, ಎದೆಯ ಚರ್ಮದಡಿಯ ಸಣ್ಣ ಯಂತ್ರದಿಂದ ವಿದ್ಯುತ್ ಸ್ಪಂದನ ಕೊಡುವ ವಿಧಾನಕ್ಕೆ ಡಿ.ಬಿ.ಎಸ್. ಎನ್ನುತ್ತಾರೆ. 1987ರಲ್ಲಿ ಫ್ರಾನ್ಸಿನ ಗ್ರೆನೋಬ್ಲ್‌ನಲ್ಲಿ ಡಾ. ಬೆನಬಿದ್ ಅವರ ತಂಡ ನಡುಕಕ್ಕೆ ಇದನ್ನು ಬಳಸತೊಡಗಿತು. ಲೆವೊಡೋಪಾ ಇಂದಿಗೂ ಚೆನ್ನಾಗಿ ಕೆಲಸ ಮಾಡುತ್ತಿದ್ದು, ಅದರ ಏರಿಳಿತ ಮಾತ್ರ ಹತೋಟಿಗೆ ಬಾರದವರಿಗೆ ಇದು ಉಪಯುಕ್ತ. ಮರೆವಿನ ಕಾಯಿಲೆ ಇರುವವರಿಗೆ, ಲೆವೊಡೋಪಾ ಫಲವನ್ನೇ ಕೊಡದವರಿಗೆ ಸಾಮಾನ್ಯವಾಗಿ ಮಾಡುವುದಿಲ್ಲ. ಇದರಿಂದಲೂ ಕಾಯಿಲೆ ಗುಣವಾಗುವುದಿಲ್ಲ. ಖರ್ಚು ಹಲವು ಲಕ್ಷ ರೂಪಾಯಿ. ಕೆಲವು ವರ್ಷಗಳಿಗೊಮ್ಮೆ ಬ್ಯಾಟರಿ ಬದಲಿಸುವ ವೆಚ್ಚ ಬೇರೆ. ಹೊಲ, ಮನೆ ಅಡವಿಡುವ ಮೊದಲು ಬೆಂಗಳೂರಿನ ನಿಮ್ಹಾನ್ಸ್‌ನಂತಹ ನರರೋಗ ಸಂಸ್ಥೆಯಲ್ಲಿ "ನಮ್ಮವರಿಗೆ ಇದು ಹೊಂದುತ್ತದೆಯೇ?" ಎಂದು ಕೇಳಿ ತಿಳಿಯಿರಿ.

ಇವುಗಳ ಬಗ್ಗೆ ಎಚ್ಚರವಿರಲಿ

ನಸುಗುನ್ನಿ ಬೀಜದಲ್ಲಿ ಸ್ವಾಭಾವಿಕವಾಗಿಯೇ ಲೆವೊಡೋಪಾ ಇದೆ. ಅದಕ್ಕೇ ಅದರ ಪುಡಿಯಿಂದ ಕೆಲವರಿಗೆ ಗುಣ ಕಾಣುತ್ತದೆ. ಆದರೆ ಮಾತ್ರೆಯ ಜೊತೆ ಗುಟ್ಟಾಗಿ ಸೇವಿಸಿದರೆ ಪ್ರಮಾಣ ಮಿತಿಮೀರಿ ವಾಂತಿ, ತಲೆಸುತ್ತು, ಭ್ರಮೆ ಉಂಟಾಗಬಹುದು. ತೆಗೆದುಕೊಳ್ಳುತ್ತಿದ್ದರೆ ಮುಚ್ಚಿಡದೆ ಹೇಳಿ. 'ಸ್ಟೆಮ್ ಸೆಲ್' ಚುಚ್ಚುಮದ್ದಿನಿಂದ ಗುಣವಾಗುತ್ತದೆಂದು ಹಣ ಕೇಳುವವರನ್ನು ನಂಬಬೇಡಿ. ಪಾರ್ಕಿನ್ಸನ್‌ಗೆ ಅದು ಇನ್ನೂ ಸಂಶೋಧನೆಯ ಹಂತದಲ್ಲಿದೆ.

ತಡಮಾಡದೆ ಆಸ್ಪತ್ರೆಗೆ ಬರಬೇಕಾದ ಸಂದರ್ಭಗಳು

* ಮಾತ್ರೆ ನಿಂತ ಮೇಲೆ ಜ್ವರ, ಮೈ ಮರದಂತೆ ಬಿಗಿಯುವುದು, ಪ್ರಜ್ಞೆ ಮಂಕಾಗುವುದು. ಇದು ಪ್ರಾಣಾಪಾಯ.
* ಬಿದ್ದು ತಲೆಗೆ ಅಥವಾ ಸೊಂಟಕ್ಕೆ ಪೆಟ್ಟಾದಾಗ.
* ಇಲ್ಲದ ಜನ ಕಾಣುವುದು, ದಿಢೀರ್ ಗೊಂದಲ.
* ನೀರನ್ನೂ ಮಾತ್ರೆಯನ್ನೂ ನುಂಗಲಾಗದಿದ್ದಾಗ.

ಬೇರೆ ಯಾವುದೇ ಕಾಯಿಲೆಗೆ ಆಸ್ಪತ್ರೆ ಸೇರಿದರೂ, ಶಸ್ತ್ರಚಿಕಿತ್ಸೆಗೆ ಹೋದರೂ, "ಇವರಿಗೆ ಪಾರ್ಕಿನ್ಸನ್ ಇದೆ, ಮಾತ್ರೆಯ ಹೊತ್ತು ಇಂತಿಷ್ಟು" ಎಂದು ಮೊದಲೇ ಹೇಳಿ. ವಾಂತಿಗೆ ಮೆಟೊಕ್ಲೋಪ್ರಮೈಡ್ ಬೇಡವೆಂದು ನೆನಪಿಸಿ.

ಜೊತೆಗಿರುವ ಬಂಧುಗಳಿಗೆ

ಮುಖದಲ್ಲಿ ನಗು ಕಾಣದಿದ್ದರೆ ಸಿಟ್ಟೆಂದು ತಿಳಿಯಬೇಡಿ. ಮುಖದ ಸ್ನಾಯುಗಳೂ ಬಿಗಿದಿರುತ್ತವೆ. ಮಾತು ನಿಧಾನವಾದರೆ ಪೂರ್ತಿ ಕೇಳಿ. ಖಿನ್ನತೆ ಈ ಕಾಯಿಲೆಯ ಒಂದು ಭಾಗ, ಅದಕ್ಕೂ ಔಷಧಿಯಿದೆ. ಪ್ರೀತಿಯಿಂದಲೇ ಆದರೂ ಎಲ್ಲ ಕೆಲಸವನ್ನೂ ನೀವೇ ಮಾಡಿಕೊಡಬೇಡಿ. ಕಾಳು ಆರಿಸುವುದು, ಹೂ ಕಟ್ಟುವುದು, ಬಟ್ಟೆ ಮಡಚುವುದು ತಡವಾದರೂ ಅವರೇ ಮಾಡಲಿ. ಕಾಯಕ ಬಿಟ್ಟ ಮೈ ಬೇಗ ಬಿಗಿಯುತ್ತದೆ, ಮನಸ್ಸೂ ಕುಗ್ಗುತ್ತದೆ. ಆರೈಕೆ ಒಬ್ಬರ ಮೇಲೆಯೇ ಬೀಳದಿರಲಿ. ಸೊಸೆಯೋ ಮಡದಿಯೋ ಒಬ್ಬರೇ ಹೊತ್ತರೆ ಅವರೂ ಹಾಸಿಗೆ ಹಿಡಿಯುತ್ತಾರೆ.

ಖರ್ಚಿನ ಚಿಂತೆಯಿಂದ ಮೂರು ಮಾತ್ರೆಯನ್ನು ಎರಡಕ್ಕೆ ಇಳಿಸಿಕೊಳ್ಳುವವರಿದ್ದಾರೆ. ದಯವಿಟ್ಟು ಹಾಗೆ ಮಾಡಬೇಡಿ. ಲೆವೊಡೋಪಾ-ಕಾರ್ಬಿಡೋಪಾ ದೇಶದ ಅಗತ್ಯ ಔಷಧಿಗಳ ಪಟ್ಟಿಯಲ್ಲಿದೆ. ಕಡಿಮೆ ಬೆಲೆಯ ಮಾತ್ರೆಗಳ ಬಗ್ಗೆ ವೈದ್ಯರನ್ನು ಕೇಳಿ. 2016ರ ವಿಕಲಚೇತನರ ಹಕ್ಕುಗಳ ಕಾಯ್ದೆಯಲ್ಲಿ ಪಾರ್ಕಿನ್ಸನ್ ಕಾಯಿಲೆಯೂ ಸೇರಿದೆ. ಅರ್ಹರು ಅಂಗವಿಕಲತೆಯ ಪ್ರಮಾಣಪತ್ರಕ್ಕೆ ಅರ್ಜಿ ಹಾಕಬಹುದು.

ಈ ಹಾಳೆಯನ್ನು ಮಾತ್ರೆಗಳ ಡಬ್ಬಿಯ ಜೊತೆಯಲ್ಲಿಡಿ. ಮಾತ್ರೆಯ ಹೊತ್ತನ್ನು ದೊಡ್ಡ ಅಕ್ಷರದಲ್ಲಿ ಬರೆದು ಗೋಡೆಗೆ ಅಂಟಿಸಿ. ಇದು ತಿಳಿವಳಿಕೆಗಾಗಿ ಮಾತ್ರ. ಔಷಧಿಯನ್ನು ಹೆಚ್ಚಿಸುವುದು, ತಗ್ಗಿಸುವುದು, ನಿಲ್ಲಿಸುವುದು ವೈದ್ಯರ ಸಲಹೆಯಂತೆಯೇ ಆಗಲಿ. ಸಂದೇಹವಿದ್ದರೆ ಹೊರರೋಗಿ ವಿಭಾಗದಲ್ಲಿ ಸಂಕೋಚವಿಲ್ಲದೆ ಕೇಳಿ.

ಎಲ್ಲರಿಗೂ ಆರೋಗ್ಯ ಭಾಗ್ಯ ಲಭಿಸಲಿ. ಶರಣು.