ಒಂದೇ ದಿನದ ಮೈಸೂರು ದರ್ಶನ: ಮಂಡ್ಯ ಸೀಮೆಯವರಿಗೆ ಒಂದು ಎಚ್ಚರಿಕೆ

ಮೈಸೂರಿನ ಬೆಟ್ಟ, ಅರಮನೆ, ಚಿತ್ರಶಾಲೆ, ಚರ್ಚುಗಳನ್ನೆಲ್ಲ ಮಾರ್ಗದರ್ಶಿಯೊಬ್ಬನ ಜೊತೆಯಲ್ಲಿ ಒಂದೇ ಬಸ್ಸಿನಲ್ಲಿ ಸುತ್ತಿಸಿ, ಬೆಳಗ್ಗೆ ಹೊರಟವರನ್ನು ರಾತ್ರಿಯೊಳಗೆ ತಂದುಬಿಡುವ ಏರ್ಪಾಡನ್ನು ‘ಮೈಸೂರು ದರ್ಶನ’ ಎಂದೋ ‘ಸಿಟಿ ಟೂರ್’ ಎಂದೋ ಕರೆಯುವುದು ವಾಡಿಕೆ. ಯಾರೇ ನಡೆಸಿದರೂ ಈ ಪ್ರವಾಸದ ಪಟ್ಟಿ ಬಹುಮಟ್ಟಿಗೆ ಒಂದೇ ಆಗಿರುತ್ತದೆ: ಚಾಮುಂಡಿ ಬೆಟ್ಟ, ಜಗನ್ಮೋಹನ ಅರಮನೆ, ಮೃಗಾಲಯ, ದೊಡ್ಡ ಅರಮನೆ, ಸಂತ ಫಿಲೋಮಿನಾ ಚರ್ಚು, ಅಲ್ಲಿಂದ ಶ್ರೀರಂಗಪಟ್ಟಣ, ಕತ್ತಲಾದ ಮೇಲೆ ಕನ್ನಂಬಾಡಿಯ ಬೃಂದಾವನ. ಈ ಪಟ್ಟಿಯ ಕೊನೆಯ ಎರಡು ತಾಣಗಳು 1939ರಲ್ಲಿ ಮೈಸೂರು ಜಿಲ್ಲೆಯಿಂದ ಬೇರೆಯಾದ ಮಂಡ್ಯ ಜಿಲ್ಲೆಗೆ ಸೇರಿದವು. ಕಲ್ಕತ್ತೆಯಿಂದಲೋ ಅಹಮದಾಬಾದಿನಿಂದಲೋ ಬಂದವರಿಗೆ ಈ ಗಡಿಯಿಂದ ಆಗಬೇಕಾದ್ದೇನೂ ಇಲ್ಲ. ಆದರೆ ಮಂಡ್ಯ, ಮದ್ದೂರು, ಮಳವಳ್ಳಿಗಳಿಂದ ಹೊರಡುವವರು ಮೈಸೂರು ನೋಡಲೆಂದು ಹಣ ಕಟ್ಟಿ, ಅರ್ಧ ದಿನದ ಮೇಲೆ ತಮ್ಮದೇ ಜಿಲ್ಲೆಗೆ ಪ್ರವಾಸಿಗರಾಗಿ ಹಿಂದಿರುಗುತ್ತಾರೆ ಎಂಬುದನ್ನು ಟಿಕೆಟ್ ಮಾರುವವರು ಹೇಳುವುದಿಲ್ಲ.

ಪ್ರಸ್ತುತ ಲೇಖಕ ಒಂದು ಭಾನುವಾರ ಬಂಧುಗಳೊಡನೆ ಇಂಥ ಪ್ರವಾಸಕ್ಕೆ ಹೋಗಬೇಕಾಗಿ ಬಂದದ್ದು ಅಕ್ಕನ ಮಗನ ಉತ್ಸಾಹದಿಂದ. ಮದ್ದೂರಿನ ಆ ಯುವಕ ಖಾಸಗಿ ಟ್ರಾವೆಲ್ಸ್ ಒಂದರ ಜಾಹೀರಾತನ್ನು ಮೊಬೈಲಿನಲ್ಲಿ ಕಂಡು, ಹಿರಿಯರ ಮಾತಿಗೆ ಕಾಯದೆ ಎಲ್ಲರಿಗೂ ಸೀಟು ಹಿಡಿದುಬಿಟ್ಟಿದ್ದ. ಮೈಸೂರು ನೋಡಲು ಮಂಡ್ಯದವರಿಗೆ ಟೂರ್ ಬಸ್ಸೇಕೆ, ರೈಲಿನಲ್ಲಿ ಹೋಗಿ ಅರಮನೆಯೊಂದನ್ನೇ ಸಾವಕಾಶವಾಗಿ ನೋಡಿಕೊಂಡು ಬರಬಾರದೆ ಎಂದು ಲೇಖಕ ಮುಂಚಿತವಾಗಿಯೇ ಕೇಳಿದ್ದನೆಂಬುದನ್ನು ಇಲ್ಲಿ ದಾಖಲಿಸುವುದು ಅಗತ್ಯ, ಏಕೆಂದರೆ ಅಂದು ನಡೆದುದಕ್ಕೆ ಯಾರು ಹೊಣೆ ಎಂಬ ಚರ್ಚೆ ಮನೆಯಲ್ಲಿ ಇನ್ನೂ ಮುಗಿದಿಲ್ಲ. ಮಳವಳ್ಳಿಯ ಸೋದರತ್ತೆ, ಎಂದರೆ ಲೇಖಕನ ತಂದೆಯ ತಂಗಿ, ಎಪ್ಪತ್ತು ದಾಟಿದವರು, ಹಿಂದಿನ ಸಂಜೆಯೇ ಮಂಡ್ಯಕ್ಕೆ ಬಂದು ತಂಗಿದ್ದರು.

ಬಸ್ಸು ಹೊರಡುವುದು ಮೈಸೂರಿನಿಂದಾದ್ದರಿಂದ ಅಲ್ಲಿಯವರೆಗೆ ಹಿಡಿದ ಬೆಳಗಿನ ರೈಲು ಶ್ರೀರಂಗಪಟ್ಟಣ ದ್ವೀಪದ ಕೋಟೆಯ ಪಕ್ಕದಲ್ಲೇ ಹಾದುಹೋಗುತ್ತದೆ. ಜೋಡಿ ಹಳಿ ಹಾಕಲು ಅಡ್ಡವಾಗಿದ್ದ ಟಿಪ್ಪುವಿನ ಕಾಲದ ಶಸ್ತ್ರಾಗಾರವನ್ನು ಒಡೆಯದೆ, ಇಡಿಯಾಗಿಯೇ 2017ರಲ್ಲಿ ಪಕ್ಕಕ್ಕೆ ಸರಿಸಿದ್ದು ಈ ನಿಲ್ದಾಣದ ಬಳಿಯೇ. ಅದೇ ದಿನ ಅದೇ ದ್ವೀಪಕ್ಕೆ ಬಸ್ಸಿನಲ್ಲಿ ಮತ್ತೆ ಬಂದು, ಮೈಸೂರಿಗೆ ಹಿಂದಿರುಗಿ, ರಾತ್ರಿ ಮತ್ತೊಮ್ಮೆ ಅದನ್ನು ದಾಟಿ ಊರು ಸೇರಬೇಕೆಂಬ ಲೆಕ್ಕ ರೈಲಿನಲ್ಲಿದ್ದಾಗ ಯಾರಿಗೂ ಹೊಳೆದಿರಲಿಲ್ಲ.

ಎಂಟೂವರೆಗೆ ಹೊರಡಬೇಕಿದ್ದ ಬಸ್ಸು ಲಾಡ್ಜುಗಳ ಮುಂದೆ ನಿಂತು ಜನರನ್ನು ಹತ್ತಿಸಿಕೊಳ್ಳುತ್ತ ನಗರ ಬಿಟ್ಟದ್ದು ಒಂಬತ್ತೂವರೆಯ ಮೇಲೆ. ಬೆಟ್ಟದಲ್ಲಿ ದೇವಿಯ ದರ್ಶನದ ಸಾಲು ಉದ್ದವಾಗಿತ್ತು. ದೊಡ್ಡ ದೇವರಾಜ ಒಡೆಯರ ಕಾಲದಲ್ಲಿ, ಹದಿನೇಳನೆಯ ಶತಮಾನದಲ್ಲಿ, ಒಂದೇ ಬಂಡೆಯಲ್ಲಿ ಕಡೆದ ನಂದಿಯ ಕಡೆಗೆ ಇಳಿಯುವಾಗ ಬಸ್ಸು ತಿರುಗಲೇ ಇಲ್ಲ. ಹೊತ್ತಾಯಿತೆಂದು ನಂದಿಯನ್ನು ಬಿಟ್ಟ ಅದೇ ಬಸ್ಸು ಪಟ್ಟಿಯಲ್ಲಿಲ್ಲದ ರೇಷ್ಮೆ ಸೀರೆಯ ಅಂಗಡಿಯೊಂದರ ಮುಂದೆ ಒಂದು ಗಂಟೆಗೂ ಮೀರಿ ನಿಂತಿತು. ಪ್ರವಾಸಿಗರನ್ನು ಕರೆತಂದದ್ದಕ್ಕಾಗಿ ಮಾರಾಟದಲ್ಲಿ ಒಂದು ಪಾಲನ್ನು ಅಂಗಡಿಯವರು ಕೊಡುವ ಪದ್ಧತಿಗೆ ಕಮಿಷನ್ ಎಂದು ಹೆಸರು. ಪ್ರವಾಸದ ಟಿಕೆಟ್ ದರ ಅಗ್ಗವಾಗಿರುವ ಕಡೆಯಲ್ಲೆಲ್ಲ ಈ ಕಮಿಷನ್ನೇ ಬಸ್ಸನ್ನು ಓಡಿಸುತ್ತದೆಯೆಂದು ತಿಳಿದರೆ ತಪ್ಪಾಗಲಾರದು.

ಜಗನ್ಮೋಹನ ಅರಮನೆಗೆ ಉಳಿದದ್ದು ಇಪ್ಪತ್ತು ನಿಮಿಷ. ಮುಮ್ಮಡಿ ಕೃಷ್ಣರಾಜ ಒಡೆಯರು 1861ರಲ್ಲಿ ಕಟ್ಟಿಸಿದ ಈ ಕಟ್ಟಡದಲ್ಲೇ 1902ರಲ್ಲಿ ನಾಲ್ವಡಿ ಕೃಷ್ಣರಾಜ ಒಡೆಯರು ವೈಸರಾಯ್ ಕರ್ಜನ್ ಸಮ್ಮುಖದಲ್ಲಿ ಆಡಳಿತಾಧಿಕಾರ ವಹಿಸಿಕೊಂಡರು. 1915ರಿಂದ ಇದು ಚಿತ್ರಶಾಲೆಯಾಗಿದೆ. ರಾಜಾ ರವಿವರ್ಮನ ಚಿತ್ರಗಳೂ, ಕೈಯಲ್ಲಿ ದೀಪ ಹಿಡಿದ ಹೆಣ್ಣಿನ ಮುಖದ ಮೇಲೆ ಅದರ ಬೆಳಕು ಬಿದ್ದಿರುವುದನ್ನು ಹಳದಂಕರರು ಜಲವರ್ಣದಲ್ಲಿ ತಂದ ಪ್ರಸಿದ್ಧ ಚಿತ್ರವೂ ಇಲ್ಲಿವೆ. ಇವುಗಳಲ್ಲಿ ಯಾವುದರ ಮುಂದೆಯೂ ಮಾರ್ಗದರ್ಶಿ ನಿಲ್ಲಲಿಲ್ಲ. ಬಸ್ಸಿನಲ್ಲಿ ಮಾತ್ರ ಅಲಮೇಲಮ್ಮನ ಶಾಪದ ಕಥೆಯನ್ನು, ತಲಕಾಡು ಮರಳಾದದ್ದನ್ನೂ ಮಾಲಂಗಿ ಮಡುವಾದದ್ದನ್ನೂ ಸೇರಿಸಿ, ಹಿಂದಿಯಲ್ಲೊಮ್ಮೆ ಕನ್ನಡದಲ್ಲೊಮ್ಮೆ ದೀರ್ಘವಾಗಿ ಹೇಳಿದ. ಮಳವಳ್ಳಿ ಕಡೆಯ ಮಕ್ಕಳು ಮನೆಯಲ್ಲೇ ಕೇಳಿ ಬೆಳೆಯುವ ಕಥೆ ಅದು.

ಊಟ ಮುಗಿಸಿ ದೊಡ್ಡ ಅರಮನೆ ತಲುಪಿದಾಗ ಮೂರು ಗಂಟೆ. ಹಳೆಯ ಮರದ ಅರಮನೆ 1897ರಲ್ಲಿ ರಾಜಕುಮಾರಿ ಜಯಲಕ್ಷಮ್ಮಣ್ಣಿಯವರ ಮದುವೆಯ ಸಂದರ್ಭದಲ್ಲಿ ಬೆಂಕಿಗೆ ಆಹುತಿಯಾಯಿತು; ಈಗಿನದನ್ನು ಹೆನ್ರಿ ಇರ್ವಿನ್ ಎಂಬ ವಾಸ್ತುಶಿಲ್ಪಿಯ ನಕ್ಷೆಯಂತೆ ಇಂಡೋ-ಸಾರಸೆನಿಕ್ ಶೈಲಿಯಲ್ಲಿ, ಎಂದರೆ ಹಿಂದೂ ಮತ್ತು ಇಸ್ಲಾಮಿ ಕಟ್ಟಡಗಳ ಕಮಾನು, ಗುಮ್ಮಟ, ಕಂಬಗಳನ್ನು ಯುರೋಪಿನ ರಚನಾಕ್ರಮದೊಡನೆ ಬೆರೆಸಿ, ಸುಮಾರು 41 ಲಕ್ಷ ರೂಪಾಯಿ ವೆಚ್ಚದಲ್ಲಿ 1912ರಲ್ಲಿ ಪೂರೈಸಲಾಯಿತು. ಮುನ್ನೂರು ವರ್ಷ ಹಳೆಯ ಅರಮನೆಯೆಂದು ಮಾರ್ಗದರ್ಶಿ ಸಲೀಸಾಗಿ ಹೇಳಿದ್ದನ್ನು ಲೇಖಕ ತಿದ್ದಲು ಹೋದಾಗ, ಕಾಲ ಕಡಮೆಯಿದೆ, ನಾಲ್ಕಕ್ಕೆ ಎಲ್ಲರೂ ಬಸ್ಸಿನಲ್ಲಿರಬೇಕು ಎಂಬ ಉತ್ತರ ಬಂತು. ಗೊಂಬೆ ತೊಟ್ಟಿ, ಚಿನ್ನದ ಅಂಬಾರಿ, ಕಲ್ಯಾಣ ಮಂಟಪ, ಮೇಲಿನ ದರ್ಬಾರು ಸಭಾಂಗಣಗಳನ್ನು ಭಾನುವಾರದ ನೂಕುನುಗ್ಗಲಿನಲ್ಲಿ ಒಂದು ಗಂಟೆಯೊಳಗೆ ನೋಡಿ ಹೊರಬರುವುದು ಎಂಥವರಿಗೂ ಆಗದ ಮಾತು. ಮಂಡಿನೋವಿನ ಮುದುಕಿಗೆ ಹೇಗೆ ಸಾಧ್ಯ?

ಅರಮನೆಯೊಳಕ್ಕೆ ಪಾದರಕ್ಷೆ ಹಾಕಿಕೊಂಡು ಹೋಗುವಂತಿಲ್ಲ. ಕೌಂಟರಿನಲ್ಲಿ ಬಿಟ್ಟು ಟೋಕನ್ ಪಡೆಯಬೇಕು. ಒಬ್ಬೊಬ್ಬರೇ ಸಾಲಿನಲ್ಲಿ ನಿಂತರೆ ತಡವಾಗುತ್ತದೆಂದು ಮಾರ್ಗದರ್ಶಿ ಅಂದದ್ದೇ ತಡ, ಅಕ್ಕನ ಮಗ ಮನೆಮಂದಿಯ ಮೆಟ್ಟುಗಳನ್ನೆಲ್ಲ ಒಂದೇ ಚೀಲಕ್ಕೆ ತುಂಬಿ, ಒಂದೇ ಟೋಕನ್ ಪಡೆದು ತನ್ನ ಜೇಬಿಗೆ ಹಾಕಿಕೊಂಡ. ಆ ದಿನದ ಅನಾಹುತಕ್ಕೆ ಮೂಲ ಇದೇ. ಸೋದರತ್ತೆಯವರು ಕಲ್ಯಾಣ ಮಂಟಪದಲ್ಲಿ ಹಿಂದೆ ಬಿದ್ದರು. ಎಂಟು ಮೂಲೆಯ ಆ ಮಂಟಪದ ಎರಕದ ಕಬ್ಬಿಣದ ಕಂಬಗಳು ಗ್ಲಾಸ್ಗೊದಿಂದ ಬಂದವು, ಮೇಲಿನ ಬಣ್ಣದ ಗಾಜಿನಲ್ಲಿ ನವಿಲುಗಳಿವೆ, ಸುತ್ತಿನ ಗೋಡೆಗಳ ಮೇಲೆ ಮೈಸೂರಿನ ಕಲಾವಿದರು ಬರೆದ ದಸರಾ ಮೆರವಣಿಗೆಯ ಚಿತ್ರಗಳ ಸಾಲಿದೆ. ಮಹಾರಾಜರೇ ಅಂಬಾರಿಯಲ್ಲಿ ಕೂರುತ್ತಿದ್ದ ಕಾಲದಲ್ಲಿ ಹುಡುಗಿಯಾಗಿ ಜಂಬೂಸವಾರಿ ನೋಡಿದ್ದ ಅವರು ಆ ಚಿತ್ರಗಳನ್ನು ಒಂದೊಂದಾಗಿ ನೋಡುತ್ತ ನಿಂತರು. ಮಿಕ್ಕವರನ್ನು ಜನರ ಪ್ರವಾಹ ಮುಂದಕ್ಕೆ ತಳ್ಳಿತು. ನಾಲ್ಕು ಗಂಟೆಗೆ ಅಕ್ಕನ ಮಗ ಟೋಕನ್ ಕೊಟ್ಟು ಚೀಲವನ್ನೇ ಎತ್ತಿಕೊಂಡು ಬಸ್ಸಿಗೆ ಓಡಿದ್ದರಿಂದ, ಅವರು ಹೊರಬಂದಾಗ ಕೌಂಟರಿನಲ್ಲಿ ಮೆಟ್ಟೂ ಇರಲಿಲ್ಲ, ಕೈಯಲ್ಲಿ ಟೋಕನ್ನೂ ಇರಲಿಲ್ಲ, ಮನೆಯವರೊಬ್ಬರೂ ಕಣ್ಣಿಗೆ ಬೀಳಲಿಲ್ಲ.

ಬಸ್ಸಿನಲ್ಲಿ ಮಾರ್ಗದರ್ಶಿ ತಲೆ ಎಣಿಸಿದ, ಲೆಕ್ಕ ಸರಿಹೋಯಿತು. ಸರಿಹೋದದ್ದು ಹೇಗೆಂದರೆ, ಊಟದ ನಂತರ ಅವನ ಪರಿಚಯಸ್ಥನೊಬ್ಬ ಶ್ರೀರಂಗಪಟ್ಟಣದವರೆಗೆಂದು ಬಸ್ಸು ಹತ್ತಿದ್ದ. ಮುಂದೆ ಕುಳಿತಿದ್ದ ಅಕ್ಕ, ಅತ್ತೆ ಹಿಂದೆ ತಮ್ಮನ ಹತ್ತಿರ ಕೂತಿರಬೇಕೆಂದುಕೊಂಡರು. ಹಿಂದೆ ಕುಳಿತಿದ್ದ ಲೇಖಕನ ಎಣಿಕೆ ಅದಕ್ಕೆ ತಿರುಗುಮುರುಗಾಗಿತ್ತು. ಮಾತ್ರೆ ಕೊಡಲೆಂದು ಅಕ್ಕ ಎದ್ದು ನೋಡುವ ಹೊತ್ತಿಗೆ ಬಸ್ಸು ಸಂತ ಫಿಲೋಮಿನಾ ಚರ್ಚಿನ ಗೋಪುರಗಳನ್ನು ಕಿಟಕಿಯಲ್ಲೇ ತೋರಿಸಿ, ಸಿದ್ದಲಿಂಗಪುರ ಮುಟ್ಟಿತ್ತು. ಬಸ್ಸನ್ನು ತಿರುಗಿಸಿರೆಂದು ಬೇಡಿಕೊಂಡದ್ದಕ್ಕೆ ಮಾರ್ಗದರ್ಶಿ ಟಿಕೆಟ್ಟಿನ ಹಿಂಬದಿಯ ಸಣ್ಣ ಅಕ್ಷರಗಳನ್ನು ತೋರಿಸಿದ: ಹೊತ್ತಿಗೆ ಬಾರದವರಿಗಾಗಿ ಕಾಯಲಾಗುವುದಿಲ್ಲ. ಐದಕ್ಕೆ ಶ್ರೀರಂಗಪಟ್ಟಣದ ದರಿಯಾ ದೌಲತ್ ಬಾಗಿಲು ಹಾಕುತ್ತದೆ, ನಲವತ್ತು ಜನ ಹಣ ಕೊಟ್ಟಿದ್ದಾರೆ ಎಂದು ಚಾಲಕ ದನಿಗೂಡಿಸಿದ. ಹೊರರಾಜ್ಯದ ಪ್ರಯಾಣಿಕರು ಮೊದಲು ಮರುಗಿದರು, ಆಮೇಲೆ ಗಡಿಯಾರ ನೋಡತೊಡಗಿದರು. ಕೊನೆಗೆ ರಸ್ತೆ ಬದಿಯಲ್ಲಿ ಲೇಖಕನನ್ನೂ ಅಕ್ಕನ ಮಗನನ್ನೂ ಇಳಿಸಿ, ಮಿಕ್ಕವರನ್ನು ಹೊತ್ತುಕೊಂಡು ಬಸ್ಸು ಹೊರಟೇ ಹೋಯಿತು.

ಆಟೊ ಸಿಗಲು ಹಿಡಿದ ಹೊತ್ತೂ, ಊರೊಳಗಿನ ಸಿಗ್ನಲ್ಲುಗಳಲ್ಲಿ ಕಳೆದ ಹೊತ್ತೂ ಸೇರಿ ಅರಮನೆ ಮುಟ್ಟುವಾಗ ಐದು ದಾಟಿತ್ತು. ಐದೂವರೆಗೆ ಅರಮನೆಯ ಬಾಗಿಲು ಮುಚ್ಚುತ್ತದೆ. ಮುದುಕಿಯ ಬಳಿ ಮೊಬೈಲ್ ಇಲ್ಲ, ಯಾರ ನಂಬರೂ ಬಾಯಿಪಾಠವಿಲ್ಲ, ಬಸ್ಸಿನ ಹೆಸರು ಗೊತ್ತಿಲ್ಲ. ಯಾರಾದರೂ ಕೇಳಿದರೆ ಬಿಳಿ ಬಸ್ಸು ಎಂದಾರು, ದೊಡ್ಡಕೆರೆ ಮೈದಾನದಲ್ಲಿ ನಿಂತಿದ್ದ ಬಸ್ಸುಗಳಲ್ಲಿ ಹೆಚ್ಚಿನವು ಬಿಳಿಯವೇ. ಬರಿಗಾಲಲ್ಲಿ ಹೊರಬಂದು ಯಾವುದೋ ಬಾಗಿಲಿನಿಂದ ರಸ್ತೆಗಿಳಿದಿದ್ದರೆ, ಅರಮನೆಯ ನಾಲ್ಕೂ ದಿಕ್ಕಿನ ವೃತ್ತಗಳಲ್ಲಿ ಎಲ್ಲೆಂದು ಹುಡುಕುವುದು? ಮಳವಳ್ಳಿಯಲ್ಲಿರುವ ಅವರ ಮಗನಿಗೆ ಫೋನು ಮಾಡಬೇಕೆ ಬೇಡವೆ ಎಂಬ ಬಗ್ಗೆ ಆಟೊದಲ್ಲಿ ಮಾವ ಅಳಿಯಂದಿರ ನಡುವೆ ನಡೆದ ಮಾತು ಇಲ್ಲಿ ಬರೆಯತಕ್ಕದ್ದಲ್ಲ. ಸಂಗತಿ ತಿಳಿಸಿದ ಮೇಲೆ ಕಾವಲಿನವರು ತಡೆಯದೆ ಒಳಬಿಟ್ಟರು. ಸೋದರತ್ತೆಯವರು ಪಾದರಕ್ಷೆಯ ಕೌಂಟರಿನ ಪಕ್ಕದಲ್ಲಿ, ಅಲ್ಲಿನ ಸಿಬ್ಬಂದಿ ಕೊಟ್ಟ ಸ್ಟೂಲಿನ ಮೇಲೆ, ಕಾಲು ಇಳಿಬಿಟ್ಟು ಕೂತಿದ್ದರು. ಮೆಟ್ಟು ಬಿಟ್ಟ ಜಾಗಕ್ಕೆ ಮನೆಯವರು ಬಂದೇ ಬರುತ್ತಾರೆಂದು ಕದಲಿರಲಿಲ್ಲ. ಅಕ್ಕನ ಮಗನನ್ನು ಕಂಡೊಡನೆ ಅವರು ಕೇಳಿದ್ದು ಒಂದೇ ಮಾತು: “ಅದ್ಯಾಕ್ಲಾ ನನ್ ಮೆಟ್ಟು ಎತ್ಕೊಂಡೋದೆ?” ಚೀಲ ಅಷ್ಟು ಹೊತ್ತಿಗೆ ಬಸ್ಸಿನೊಡನೆ ಶ್ರೀರಂಗಪಟ್ಟಣದಲ್ಲಿತ್ತು. ಸಯ್ಯಾಜಿರಾವ್ ರಸ್ತೆಯಲ್ಲಿ ಹವಾಯಿ ಚಪ್ಪಲಿ ಕೊಂಡು, ಕಾಫಿ ಕುಡಿಸಿ, ಬಸ್ ನಿಲ್ದಾಣಕ್ಕೆ ಕರೆದೊಯ್ಯಲಾಯಿತು. ಭಾನುವಾರವಾದ್ದರಿಂದ ಏಳು ಗಂಟೆಗೆ ಹೊತ್ತಿದ ಅರಮನೆಯ ದೀಪಗಳನ್ನು, ಸುಮಾರು ಒಂದು ಲಕ್ಷ ಬಲ್ಬುಗಳೆಂದು ಹೇಳುವುದನ್ನು, ನೋಡೋಣವೆಂದರೆ ಅವರು ಒಪ್ಪಲಿಲ್ಲ.

ಇತ್ತ ಬಸ್ಸಿನಲ್ಲಿದ್ದವರಿಗೂ ಲಾಭವಾಗಲಿಲ್ಲ. ಸಿದ್ದಲಿಂಗಪುರದ ವಾಗ್ವಾದದಲ್ಲಿ ಹೊತ್ತು ಕಳೆದು, 1784ರ ತೇಗದ ಅರಮನೆಯಾದ ದರಿಯಾ ದೌಲತ್ ತಲುಪುವಷ್ಟರಲ್ಲಿ ಬಾಗಿಲು ಹಾಕಿತ್ತು. ಹೈದರನೂ ಟಿಪ್ಪುವೂ 1780ರಲ್ಲಿ ಪೊಲ್ಲಿಲೂರಿನಲ್ಲಿ ಇಂಗ್ಲಿಷರನ್ನು ಸೋಲಿಸಿದ ಯುದ್ಧದ ದೊಡ್ಡ ಭಿತ್ತಿಚಿತ್ರವನ್ನು, ಎಂದರೆ ಗೋಡೆಯ ಮೇಲೆಯೇ ಬರೆದ ಚಿತ್ರವನ್ನು, ಕಾಣದೆ ಎಲ್ಲರೂ ಹಿಂದಿರುಗಿದರು. ತಪ್ಪೆಲ್ಲ ಮಂಡ್ಯದ ಕುಟುಂಬದ್ದೆಂದು ಮಾರ್ಗದರ್ಶಿ ಮೈಕಿನಲ್ಲೇ ಸಾರಿದನಂತೆ. ಒಡೆಯರು ರಾಜಧಾನಿ ಮಾಡಿಕೊಂಡು 1610ರಲ್ಲಿ ದಸರಾ ಉತ್ಸವ ಆರಂಭಿಸಿದ್ದು, 1799ರಲ್ಲಿ ಟಿಪ್ಪು ಮಡಿದದ್ದು ಎರಡೂ ಈ ದ್ವೀಪದಲ್ಲೇ ಆಗಿರುವಾಗ, ಅದನ್ನು ಮೈಸೂರಿನ ಪಟ್ಟಿಯ ತುದಿಗೆ ಸಂಜೆಯ ಅರ್ಧ ಗಂಟೆಯಾಗಿ ಅಂಟಿಸುವುದೇ ಅನ್ಯಾಯ. ಬೃಂದಾವನದ ಕಾರಂಜಿ ಮುಗಿಸಿ ಬಸ್ಸು ಮೈಸೂರಿಗೆ ಮರಳಿದ್ದು ರಾತ್ರಿ ಬಹಳ ತಡವಾಗಿ. ಹೊಸ ಹೆದ್ದಾರಿಯಾದ ಮೇಲೆ ನಾನ್‌ಸ್ಟಾಪ್ ಬಸ್ಸುಗಳು ಮಂಡ್ಯ, ಮದ್ದೂರುಗಳ ಒಳಕ್ಕೆ ಬಾರದೆ ಬೈಪಾಸಿನಲ್ಲೇ ಹೋಗಿಬಿಡುವುದರಿಂದ, ಊರೊಳಗೆ ಬರುವ ಬಸ್ಸಿಗಾಗಿ ಮದ್ದೂರಿನವರು ಬಹಳ ಹೊತ್ತು ಕಾದರು.

ಇಂಥ ಪ್ರವಾಸಕ್ಕೆ ಹೊರಡಲೇಬೇಕಾದವರು ಪ್ರತಿಯೊಬ್ಬರ ಪಾದರಕ್ಷೆಗೂ ಬೇರೆ ಟೋಕನ್ ಪಡೆಯುವುದು ಒಳ್ಳೆಯದು. ವಯಸ್ಸಾದವರ ಕೈಚೀಲದಲ್ಲಿ ಬಸ್ಸಿನ ನಂಬರು ಮತ್ತು ಮನೆಯವರ ಫೋನ್ ನಂಬರು ಬರೆದ ಚೀಟಿ ಇರಬೇಕು. ಯಾವ ತಾಣದಲ್ಲಿ ಎಷ್ಟು ಹೊತ್ತು, ಅಂಗಡಿಗಳೆಷ್ಟು ಎಂಬುದನ್ನು ಹಣ ಕಟ್ಟುವ ಮೊದಲೇ ಬರಹದಲ್ಲಿ ಕೇಳಬೇಕು. ಮೃಗಾಲಯಕ್ಕೆ ಮಂಗಳವಾರ ರಜೆ. ಅರಮನೆಯನ್ನು ವಿವರವಾಗಿ ನೋಡಬಯಸುವವರು ಪ್ರವಾಸೋದ್ಯಮ ಇಲಾಖೆಯ ಗುರುತಿನ ಚೀಟಿಯುಳ್ಳ ಗೈಡನ್ನು ಅಲ್ಲೇ ಗೊತ್ತುಮಾಡಿಕೊಂಡು, ದರವನ್ನು ಮುಂಚೆಯೇ ಮಾತಾಡಿಕೊಳ್ಳುವುದು ಲೇಸು. ಶ್ರೀರಂಗಪಟ್ಟಣಕ್ಕೆ ಬೇರೊಂದು ದಿನ, ಬೆಳಗ್ಗೆಯೇ ಹೋಗಬೇಕು.

ಟ್ರಾವೆಲ್ಸಿನವರಿಗೆ ಬರೆದ ದೂರಿಗೆ ಉತ್ತರ ಬಂದಿಲ್ಲ, ಹಣವೂ ವಾಪಸಾಗಿಲ್ಲ. ಟಿಕೆಟ್ಟನ್ನು ಅಕ್ಕನ ಮಗ ಬಸ್ಸಿನಲ್ಲೇ ಹರಿದು ಬಿಸಾಡಿದ್ದನಾದ್ದರಿಂದ ಗ್ರಾಹಕರ ಆಯೋಗಕ್ಕೆ ಹೋಗುವ ದಾರಿಯೂ ಕಷ್ಟವಾಗಿದೆ. ಒಂದು ಗಂಟೆಯೊಳಗೆ ಮೈಸೂರು ಮುಟ್ಟಬಲ್ಲ ಮಂಡ್ಯ ಜಿಲ್ಲೆಯವರಿಗೆ ಈ ಸಿಟಿ ಟೂರ್ ಬೇಕಾಗಿಲ್ಲ.