ನಾಚುವ ಬಾಲಕಿಯು ಮಾತು ಕಲಿತ ಬಗೆ

ತರಗತಿಯ ಹಿಂದಿನ ಬೆಂಚಿನಲ್ಲಿ ತಲೆತಗ್ಗಿಸಿ ಕೂತಿರುವ ಹುಡುಗಿಯನ್ನು ನಮ್ಮಲ್ಲಿ ಕೆಲವರು ದಡ್ಡಳೆಂದೂ ಕೆಲವರು ವಿನಯವತಿಯೆಂದೂ ಎಣಿಸುತ್ತೇವೆ. ಹೇಗೆ ಎಣಿಸಿದರೂ ಆಕೆಗೆ ಫಲವೊಂದೇ. ಆಕೆಯನ್ನು ಯಾರೂ ಮಾತಾಡಿಸುವುದಿಲ್ಲ. ಈ ವಿಷಯದಲ್ಲಿ ಅಮೇರಿಕಾ ದೇಶದ ಎಲಿನೋರ್ ರೂಸ್‌ವೆಲ್ಟರ ಚರಿತ್ರೆಯನ್ನು ನಾವು ವಿಚಾರಿಸುವ.

ಆಕೆ 1884ರಲ್ಲಿ ನ್ಯೂಯಾರ್ಕಿನಲ್ಲಿ ಜನಿಸಿದರು. ಸುಂದರಿಯಾದ ತಾಯಿಯು ಗಂಭೀರಮುಖದ ಈ ಮಗುವನ್ನು 'ಅಜ್ಜಿ' ಎಂದು ಕರೆಯುತ್ತಿದ್ದಳು. ಹಾಸ್ಯದ ಮಾತೇ ಇರಬಹುದು. ಆದರೆ ಮಗಳು ಅದನ್ನು ಮರೆಯದೆ ಬಹುಕಾಲದ ಮೇಲೆ ತನ್ನ ಆತ್ಮಚರಿತ್ರೆಯಲ್ಲಿ ಬರೆದಿಟ್ಟಳು. ತಾಯಿತಂದೆಗಳೇ, ಅತಿಥಿಗಳ ಮುಂದೆ 'ಇವಳು ಮೂಗಿ' ಎಂದು ನಗುವುದಕ್ಕೆ ಮುಂಚೆ ಇದನ್ನು ಸ್ವಲ್ಪ ಯೋಚಿಸಿರಿ. ಹತ್ತು ವರುಷ ತುಂಬುವುದರೊಳಗೆ ಆ ಬಾಲಕಿಯು ತಬ್ಬಲಿಯಾದಳು.

1899ರಲ್ಲಿ ಆಕೆಯನ್ನು ಲಂಡನಿನ ಬಳಿಯ ಅಲೆನ್ಸ್‌ವುಡ್ ಎಂಬ ಶಾಲೆಗೆ ಕಳುಹಿಸಿದರು. ಅಲ್ಲಿ ಫ್ರೆಂಚ್ ಭಾಷೆಯಲ್ಲಿಯೇ ಮಾತಾಡಬೇಕೆಂಬ ಕಟ್ಟಳೆಯಿತ್ತು. ಹೊಸದಾಗಿ ಬಂದ ಇತರರು ತಡವರಿಸುತ್ತಿರಲು, ದಾದಿಯಿಂದ ಎಳವೆಯಲ್ಲೇ ಆ ಭಾಷೆ ಕಲಿತಿದ್ದ ಎಲಿನೋರಳಿಗೆ ಅದು ಸುಲಭವಾಯಿತು. ಚೆನ್ನಾಗಿ ಬಲ್ಲ ಸಂಗತಿಯೊಂದು ಸಿಕ್ಕಿದರೆ ಅಂಜುಬುರುಕಿಯ ನಾಲಿಗೆಯೂ ಸಡಿಲವಾಗುವದು. ಮುಖ್ಯೋಪಾಧ್ಯಾಯಿನಿಯಾದ ಮರೀ ಸೂವೆಸ್ತ್ರ್ ಎಂಬಾಕೆಯು, ತಾನು ಹೇಳಿದ್ದನ್ನೇ ತಿರಿಗಿ ಬರೆದುಕೊಟ್ಟರೆ ಆ ಪ್ರಬಂಧವನ್ನು ಹರಿದುಹಾಕುವಷ್ಟು ಬೇಸರಪಡುತ್ತಿದ್ದಳು. ಹುಡುಗಿಯ ಸ್ವಂತ ಅಭಿಪ್ರಾಯವೇ ಆಕೆಗೆ ಬೇಕಾಗಿತ್ತು. (ನಮ್ಮ ಉಪಾಧ್ಯಾಯಿನಿಯರು ಕಾಗದ ಹರಿಯಲೆಂದು ನಾವು ಹೇಳುವುದಿಲ್ಲ, 'ನಿನಗೇನು ತೋರುತ್ತದಮ್ಮಾ?' ಎಂದು ಕೇಳಿ, ಉತ್ತರ ಬರುವ ತನಕ ಕಾದರೆ ಸಾಕು.)

ಆದರೂ ಸಂಕೋಚವು ಮೂರು ವರುಷದ ಶಾಲೆಯಿಂದ ಅಳಿಯಲಿಲ್ಲ. 1920ರ ನಂತರದ ವರುಷಗಳಲ್ಲಿ ಸಭೆಗಳಲ್ಲಿ ಮಾತಾಡಬೇಕಾಗಿ ಬಂದಾಗ, ನಗುವದಕ್ಕೆ ಕಾರಣವಿಲ್ಲದ ಕಡೆಯಲ್ಲಿಯೂ ಆಕೆ ಅಧೈರ್ಯದಿಂದ ನಕ್ಕುಬಿಡುತ್ತಿದ್ದರು. ಕುಟುಂಬದ ಮಿತ್ರನಾದ ಲೂಯಿ ಹೌ ಎಂಬವನು ಸಭೆಯ ಹಿಂಭಾಗದಲ್ಲಿ ಕೂತು ಕೇಳಿ, ಆ ನಗೆಯನ್ನು ಬಿಡಬೇಕೆಂದೂ, ಹೇಳತಕ್ಕದ್ದನ್ನು ಮೊದಲು ನಿಶ್ಚಯಿಸಿಕೊಂಡು, ಅದನ್ನು ಹೇಳಿ ಕೂತುಕೊಳ್ಳಬೇಕೆಂದೂ ಬುದ್ಧಿ ಹೇಳಿದನು. ವಾಕ್ಚಾತುರ್ಯದ ದೊಡ್ಡ ಗ್ರಂಥಗಳಿಗಿಂತ ಇದು ನಮಗೆ ಹೆಚ್ಚು ಉಪಯುಕ್ತವೆಂದು ತೋರುತ್ತದೆ.

1948ರ ಡಿಸೆಂಬರ್ 10ರಂದು ವಿಶ್ವಸಂಸ್ಥೆಯು ಪ್ಯಾರಿಸಿನಲ್ಲಿ ಮಾನವ ಹಕ್ಕುಗಳ ಘೋಷಣೆಯನ್ನು ಅಂಗೀಕರಿಸಿತು. ಅದನ್ನು ಸಿದ್ಧಪಡಿಸಿದ ಆಯೋಗದ ಅಧ್ಯಕ್ಷೆಯು ಇದೇ ಎಲಿನೋರ್. ಅದೇ ಆಯೋಗದಲ್ಲಿ ನಮ್ಮ ದೇಶದ ಪರವಾಗಿ ಹಂಸಾ ಮೆಹತಾ ಎಂಬವರು ಕೂತಿದ್ದರು. ಮೊದಲನೆಯ ವಿಧಿಯಲ್ಲಿ ಪುರುಷರೆಂದು ಮಾತ್ರ ಅರ್ಥವಾಗಬಹುದಾದ ಶಬ್ದವಿದ್ದುದನ್ನು ಕಂಡು, 'ಎಲ್ಲಾ ಮಾನವರು' ಎಂದಿರತಕ್ಕದ್ದೆಂದು ಅವರು ವಾದಿಸಿದರು. ಶಬ್ದವು ಬದಲಾಯಿತು.